ಅರ್ಜಿಯ ಮೊದಲ ಹೆಸರು

ಮೊನ್ನೆ ಸಂಜೆ ವಿದ್ಯಾನಗರದ ಗಾಡಿಯೊಂದರಿಂದ ಮಿರ್ಚಿ ಕರಿಯುವ ವಾಸನೆ ಮೂಗಿಗೆ ಬಡಿದದ್ದೇ ತಡ, ಸಂಜೆ ಬಸ್ಸಿಗೆ ಮೊದಲು ನನ್ನ ಜೊತೆ ಮಿರ್ಚಿ ತಿನ್ನುತ್ತಿದ್ದ ಹರಿಹರದಕ್ಕ ನೆನಪಾದಳು. ಅಲ್ಲಿ ನಾನು ಪಾಠ ಮಾಡುವ ಕಾಲೇಜಿನ ಹುಡುಗ ಹುಡುಗಿಯರು ಮಂಡಕ್ಕಿ ತಿನ್ನುತ್ತಾ ಮರುಮೌಲ್ಯಮಾಪನದ ಗೋಳು ಹೇಳಿಕೊಳ್ಳುತ್ತಿದ್ದರು. ತಿಂಗಳುಗಳಾದರೂ ಫಲಿತಾಂಶವಿಲ್ಲ, ಕೋರ್ಟಿಗೆ ಹೋಗೋಣವೆಂದರೆ ಮುಂದೆ ನಿಲ್ಲುವವರಿಲ್ಲ. ನಮ್ಮ ಕಾಲದ್ದೇ ಕಥೆ, ಮಿರ್ಚಿ ಮಾತ್ರ ಸಣ್ಣದಾಗಿದೆ.

ಅಕ್ಕ ನನ್ನ ಸಹಪಾಠಿ. ಮನೆಯ ತಾಪತ್ರಯಕ್ಕೆ ಓದು ಬಿಟ್ಟು, ಮತ್ತೆ ಬಂದು ಡಿಗ್ರಿಗೆ ಸೇರಿದವಳು. ವಯಸ್ಸಿನಲ್ಲಿ ದೊಡ್ಡವಳಾದ್ದರಿಂದ ಕ್ಲಾಸಿಗೆಲ್ಲ ಅಕ್ಕ. ದಿನಾ ಹರಿಹರದಿಂದ ಬಸ್ಸಿನಲ್ಲಿ ಬರುತ್ತಿದ್ದಳು. ಸೀಟು ಸಿಗದಿದ್ದರೆ ಕಂಬಿಗೆ ಒರಗಿ ನಿಂತೇ ಓದುತ್ತಿದ್ದಳು. ಟೀಚರ್ ಆಗಲೇಬೇಕೆಂಬ ಹಟ...

ಕೊನೆಯ ಸೆಮಿಸ್ಟರಿನ ಒಂದೇ ಪೇಪರಿನಲ್ಲಿ ಅರ್ಧ ಕ್ಲಾಸು ಡುಮ್ಕಿ ಹೊಡೆಯಿತು. ಎಲ್ಲರೂ ಮರುಮೌಲ್ಯಮಾಪನಕ್ಕೆ ಹಾಕಿದೆವು. ಬಿ.ಎಡ್. ಪ್ರವೇಶದ ಕೊನೆಯ ದಿನ ಹತ್ತಿರ ಬಂತು, ಫೇಲಾದವರು ಮತ್ತೆ ಬರೆಯಲು ಫೀಸು ಕಟ್ಟುವ ಗಡುವೂ ಹತ್ತಿರ ಬಂತು, ಫಲಿತಾಂಶ ಮಾತ್ರ ಬರಲಿಲ್ಲ. ಫೀಸು ಕಟ್ಟಿದರೆ ಫೇಲ್ ಒಪ್ಪಿಕೊಂಡಂತೆ, ಮರುಮೌಲ್ಯಮಾಪನವೇ ಬಿದ್ದುಹೋಗುತ್ತದೆ ಎಂದು ಯಾರೋ ಹಬ್ಬಿಸಿದ್ದರು. ನಿಜವೋ ಸುಳ್ಳೋ, ಹೆದರಿ ಯಾರೂ ಕಟ್ಟಿರಲಿಲ್ಲ. ಕಚೇರಿಯಲ್ಲಿ ಕೇಳಿದರೆ "ಬಂದಾಗ ಬರ್ತೈತೆ, ಹೋಗ್ರಿ" ಅನ್ನುತ್ತಿದ್ದರು.

ಫಲಿತಾಂಶ ಬೇಗ ಕೊಡಿಸಿ ಎಂದು ಹೈಕೋರ್ಟಿಗೆ ರಿಟ್ ಅರ್ಜಿ ಹಾಕಲು ಒಪ್ಪಿದ ವಕೀಲರು, "ಮೊದಲನೇ ಅರ್ಜಿದಾರರು ಯಾರ್ರೀ?" ಎಂದರು. ಮೊದಲ ಹೆಸರು ಯಾರದೋ, ಕೇಸು ಕೊನೆತನಕ ಅವರ ಹೆಸರಲ್ಲೇ ನಡೆಯುತ್ತದೆ. ಉಳಿದವರೆಲ್ಲ 'ಮತ್ತು ಇತರರು'. ನಮಗೆಲ್ಲ ಇತರರಾಗುವ ಆಸೆ. ಮೇಲಿನ ಹೆಸರನ್ನು ವಿಶ್ವವಿದ್ಯಾಲಯದವರು ನೆನಪಿಟ್ಟುಕೊಂಡು ಜನ್ಮದಲ್ಲಿ ಪಾಸು ಮಾಡುವುದಿಲ್ಲ ಎಂಬ ಗುಮಾನಿ. ಹದಡಿಯ ಹುಡುಗನೊಬ್ಬ ಅಕಾರಾದಿಯಾಗಿ ಹಾಕಿರಿ ಎಂದವನು, ತನ್ನ ಹೆಸರೇ ಮೊದಲು ಬರುತ್ತದೆಂದು ಹೊಳೆದು ಕೆಮ್ಮತೊಡಗಿದ.

"ನನ್ನ ಹೆಸರು ಮ್ಯಾಲೆ ಹಾಕ್ರಿ ಸಾರ್," ಅಂದಳು ಅಕ್ಕ. "ಹೆಸರು ಇಟ್ಕಂಡು ಉಪ್ಪಿನಕಾಯಿ ಹಾಕ್ಬೇಕಾ?"

ಫಲಿತಾಂಶ ಕೊಡಲು ಕೋರ್ಟು ದಿನ ಗೊತ್ತು ಮಾಡಿತು, ಅಷ್ಟರೊಳಗೆ ಫಲಿತಾಂಶ ಬಂತು. ನಾನು ಪಾಸು. ಹದಡಿಯವನೂ ಪಾಸು. ಹೆಚ್ಚುಕಮ್ಮಿ ಎಲ್ಲರೂ ಪಾಸು. ಅಕ್ಕನ ಅಂಕದಲ್ಲಿ ಮಾತ್ರ ಬದಲಾವಣೆ ಇರಲಿಲ್ಲ.

ನನಗೆ ಮೈಯೆಲ್ಲ ಉರಿದುಹೋಯಿತು. "ನಿನ್ನ ಹೆಸರು ಮ್ಯಾಲಿತ್ತಲ್ಲ, ಬೇಕಂತಲೇ ಮಾಡ್ಯಾರೆ ಅಕ್ಕಾ" ಎಂದೆ. ಅವಳು ಮೊದಲೇ ತರಿಸಿಟ್ಟಿದ್ದ ಉತ್ತರಪತ್ರಿಕೆಯ ಜೆರಾಕ್ಸನ್ನು ಬಸ್‌ಸ್ಟ್ಯಾಂಡಿನ ಕಟ್ಟೆಯ ಮೇಲೆ ಕೂತು ಇನ್ನೊಮ್ಮೆ ತಿರುವಿದಳು. ಕಣ್ಣು ತುಂಬಿತ್ತು.

"ಇಲ್ಲ ಬಿಡೇ, ಸರಿಯಾಗೇ ನೋಡ್ಯಾರೆ. ನಾನೇ ಬರ್ದಿಲ್ಲ." ಸೆರಗಿನಿಂದ ಮುಖ ಒರೆಸಿಕೊಂಡು ಎದ್ದಳು. "ಫೇಲು ಅಂತ ಟೈಮಿಗೆ ಹೇಳಿದ್ರಲ್ಲ, ಅಷ್ಟು ಸಾಕು. ಫೀಸು ಕಟ್ಟಾಕೆ ಇನ್ನೂ ನಾಳೆ ಐತೆ. ನಡಿ, ನಿನ್ನ ನೋಟ್ಸ್ ಕೊಡು."

ಮತ್ತೆ ಬರೆದಳು, ಪಾಸಾದಳು. ನಮಗಿಂತ ಒಂದು ವರ್ಷ ತಡವಾಗಿ ಬಿ.ಎಡ್. ಮುಗಿಸಿ ನಂದಿಗುಡಿ ಕಡೆಯ ಶಾಲೆಯೊಂದಕ್ಕೆ ಟೀಚರಾಗಿ ಹೋದಳು. ಮೊದಮೊದಲು ವಾರಕ್ಕೊಮ್ಮೆ ಫೋನು, ಆಮೇಲೆ ಹಬ್ಬಕ್ಕೊಮ್ಮೆ... ಹೋದ ವರ್ಷ ಕಾಯಿಲೆಯಲ್ಲಿ ತೀರಿಕೊಂಡಳು. ನನಗೆ ಸುದ್ದಿ ಮುಟ್ಟಿದ್ದು ಮಣ್ಣಾದ ಮೇಲೆ.

ಒಬ್ಬರು ಮೊದಲ ಹೆಸರು ಕೊಟ್ಟರು, ನಾವೂ ಕೋರ್ಟಿಗೆ ಹೋಗಿದ್ದೆವು ಎಂದಷ್ಟೇ ಮೊನ್ನೆ ಗಾಡಿಯ ಹತ್ತಿರ ಆ ಹುಡುಗರಿಗೆ ಹೇಳಿದೆ. "ಮೊದಲು ಹೆಸರು ಕೊಟ್ಟೋರಿಗೆ ಏನಾತು ಮೇಡಂ?" ಎಂದು ಒಬ್ಬಳು ಕೇಳಿದಳು.

"ಫೇಲಾದ್ರು" ಎಂದೆ. ಎಲ್ಲರ ಮುಖ ಇಳಿದುಹೋಯಿತು. "ಟೈಮಿಗೆ ಸರಿಯಾಗಿ ಫೇಲಾದ್ರು. ಅದಕ್ಕೇ ಮತ್ತೆ ಬರೆದು ಟೀಚರಾದ್ರು."

ಆ ಹುಡುಗಿ ಫೋನು ಕೈಗೆ ತೆಗೆದುಕೊಂಡು, "ಅವರ ನಂಬರ್ ಕೊಡ್ರಿ ಮೇಡಂ, ಒಂದ್ಸಲ ಮಾತಾಡ್ಬೇಕಿತ್ತು" ಎಂದಳು.

"ನಾನೂ ಮಾತಾಡ್ಬೇಕಿತ್ತಮ್ಮ" ಎಂದೆ.