ಮಜೀದ ಕಾಕಾ ಮತ್ತು ಬಡಗ ಕೊಂಬಿನ ಚಂದ್ರ

ಮೂವತ್ತು ವರ್ಷ ಕಾಲೇಜಿನಲ್ಲಿ ಹಳೆಯ ಕಾವ್ಯ ಪಾಠ ಮಾಡಿದ ನನಗೆ, ನನ್ನದೇ ಮನೆಯ ಪಡಸಾಲೆಯಲ್ಲಿ, ಹನ್ನೊಂದು ಮಂದಿಯ ಎದುರು, ತಾರಿಹಾಳದ ಶೆಡ್ಡಿನಲ್ಲಿ ಲೇಥ್ ಯಂತ್ರದ ಮೇಲೆ ಕಬ್ಬಿಣ ಕಡೆಯುತ್ತಿದ್ದವರೊಬ್ಬರು ತಪ್ಪು ತೋರಿಸಿದರು. ಆ ಸಿಟ್ಟು ಇಳಿಯಲು ಐದು ತಿಂಗಳು ಹಿಡಿಯಿತು. ಇಳಿದ ಮೇಲೆ ಉಳಿದದ್ದು ಬರೀ ಪ್ರೀತಿ. ಅದನ್ನು ಮುಚ್ಚಿಡುವ ವಯಸ್ಸೂ ನನ್ನದಲ್ಲ, ಸ್ವಭಾವವೂ ಅಲ್ಲ.

ಅವರ ಹೆಸರು ಅಬ್ದುಲಮಜೀದ. ವಯಸ್ಸು ಅರವತ್ತೊಂಬತ್ತು, ಮನೆ ಹುಬ್ಬಳ್ಳಿಯ ಕಮರಿಪೇಟೆಯಲ್ಲಿ. ಅವರ ಮೊಮ್ಮಗಳು ಶಾಜಿಯಾ ನಾನು ಎಂ.ಎ. ಪಾಠ ಮಾಡಿದ ಕೊನೆಯ ತಂಡದವಳು. ನಿವೃತ್ತಳಾದ ಮೇಲೆ ಮಾಳಮಡ್ಡಿಯ ನಮ್ಮ ಮನೆಯಲ್ಲಿ ಪ್ರತಿ ಭಾನುವಾರ ಮುಂಜಾನೆ ಹಳೆಯ ಪದ್ಯ ಓದುವ ಒಂದು ಕೂಟ ಶುರು ಮಾಡಿದ್ದೆ. "ನಮ್ಮ ದಾದಾನ್ನ ಕರ್ಕೊಂಡ ಬರ್ಲೇನ್ರಿ ಮೇಡಂ? ಅವ್ರಿಗೆ ಪದ್ಯದ ಹುಚ್ಚು ಭಾಳ" ಎಂದಳು. ಬರಲಿ, ಒಂದು ಕಪ್ ಚಹಾ ಹೆಚ್ಚಾದೀತು ಅಷ್ಟೇ ಅಂದುಕೊಂಡೆ. ನನ್ನ ದೊಡ್ಡಸ್ತಿಕೆ ನೋಡಿ.

ಅವತ್ತು ಓದುತ್ತಿದ್ದದ್ದು ಐದಾರು ನೂರು ವರ್ಷದ ಹಿಂದಿನ ಒಂದು ಷಟ್ಪದಿ ಕಾವ್ಯ. ಓಲೆಗರಿಯ ಮೊದಲಿನ ಎಲೆಗಳು ಕಳೆದುಹೋಗಿ ಕವಿಯ ಹೆಸರೇ ಉಳಿದಿಲ್ಲ. ಗಂಡ ದಂಡಿಗೆ ಹೋಗಿದ್ದಾನೆ, ನವರಾತ್ರಿಯ ಎರಡನೆಯ ದಿನದ ಸಂಜೆ ಹೆಂಡತಿ ಎಳೆಯ ಚಂದ್ರನನ್ನು ನೋಡುತ್ತ ನಿಂತಿದ್ದಾಳೆ:

ಬಡಗ ಕೊಂಬನು ನೆಗಹಿ ನಿಂದನು
ಪಡುವ ಬೆಟ್ಟದ ಮೇಲೆ ಚಂದಿರ

ಬಡಗಣ, ಅಂದರೆ ಉತ್ತರದ ಕಡೆಯ ಕೊಂಬನ್ನು ಮೇಲೆತ್ತಿ ಚಂದ್ರ ನಿಂತಿದ್ದ ಎಂದರ್ಥ. ನಾನು ಎಂದಿನಂತೆ ನನ್ನ ಸಿದ್ಧಾಂತ ಹೇಳಿದೆ. ನಮ್ಮ ಹಳೆಯ ಕವಿಗಳ ಆಕಾಶ ಪುಸ್ತಕದಿಂದ ಬಂದದ್ದು. ಚಂದ್ರ ಬಂದ ಕಡೆಯಲ್ಲೆಲ್ಲ ರೋಹಿಣಿ ಬರಬೇಕು, ಮಳೆಗಾಲ ಮುಗಿದರೆ ಅಗಸ್ತ್ಯ ನಕ್ಷತ್ರ ಹುಟ್ಟಿ ಕೆರೆಯ ನೀರು ತಿಳಿಯಾಗಬೇಕು. ಒಬ್ಬ ಬರೆದದ್ದನ್ನು ಇನ್ನೊಬ್ಬ ಎತ್ತಿಕೊಂಡ, ಈ ಕೊಂಬೂ ಅಂಥದ್ದೇ ಒಂದು ಅಲಂಕಾರ, ಎಂದೆ.

ಚಪ್ಪಲಿ ಬಿಡುವ ಜಾಗದ ಹತ್ತಿರ ಕುಳಿತಿದ್ದ ಮುದುಕರು ಕೈ ಎತ್ತಿದರು. "ಅಕ್ಕಾರ, ಒಂದ ಮಾತು ಹೇಳ್ಲೇನ್ರಿ? ಈ ಕವಿ ಮಾಳಗಿ ಹತ್ತಿ ನೋಡ್ಯಾನ್ರಿ."

"ನಿಮಗ ಹೆಂಗ ಗೊತ್ತು?"

"ನವರಾತ್ರ್ಯಾಗ ಸಣ್ಣ ಚಂದ್ರ ಓರೆ ನಿಲ್ತಾನ್ರಿ, ಬಲಗಡೆ ಕೊಂಬು ಮ್ಯಾಲ. ಪಡುವಣಕ್ಕ ಮಾರಿ ಮಾಡಿ ನಿಂತ್ರ ಬಲಗಡೆ ಅಂದ್ರ ಬಡಗ ಆತಲ್ರಿ. ಅದ ಚಂದ್ರ ಯುಗಾದಿಗೆ ಬಂದ್ರ ಮಲಗಿರ್ತಾನ, ತೊಟ್ಟಿಲದಂಗ. ಈ ಕವಿ ಸುಮ್ನ ಚೆಂದ ಕಾಣ್ಲಿ ಅಂತ ಬರದಿದ್ರ, ನವರಾತ್ರಿಗೆ ಬರೋಬ್ಬರಿ ಕೊಂಬು ಹೆಂಗ ಹಿಡೀತಿದ್ದ?"

ಉಳಿದವರು ನನ್ನ ಮುಖ ನೋಡಿದರು. "ನೋಡೋಣಂತ" ಎಂದು ಪುಸ್ತಕ ಮುಚ್ಚಿದೆ. ಆ ವಾರವೇ ನವರಾತ್ರಿ. ಬಿದಿಗೆಯ ಸಂಜೆ ಮೊಣಕಾಲು ನೋವು ಲೆಕ್ಕಿಸದೆ ಮಾಳಿಗೆ ಹತ್ತಿದೆ. ಚಂದ್ರ ಓರೆಯಾಗಿ ನಿಂತಿದ್ದ, ಬಲಗಡೆಯ ಕೊಂಬು ಮೇಲೆ. ಇರಲಿ, ಯುಗಾದಿಗೆ ನೋಡೋಣ ಎಂದು ಹಟ ಹಿಡಿದೆ. ಯುಗಾದಿಯ ಮರುದಿನ ಚಂದ್ರ ಅಂಗಾತ ಮಲಗಿದ್ದ. ಹುಟ್ಟಿದಾಗಿನಿಂದ ಪ್ರತಿ ಯುಗಾದಿಗೆ ಆ ಚಂದ್ರನಿಗೆ ಕೈ ಮುಗಿದವಳು ನಾನು, ಒಂದು ಸಲವೂ ಅವನು ಹೇಗಿದ್ದಾನೆಂದು ನೋಡಿರಲಿಲ್ಲ. ಹಳೆಯ ಕಾವ್ಯದ ಆಕಾಶದ ಬಗ್ಗೆ ನಾನು ಬರೆಯುತ್ತಿದ್ದ ಪುಸ್ತಕದ ಒಂದಿಡೀ ಅಧ್ಯಾಯವನ್ನು ಹರಿದು ಹಾಕಿ ಮತ್ತೆ ಬರೆದೆ. ಕದ್ದು ಬರೆದ ಕವಿಗಳು ಬೇಕಾದಷ್ಟು ಮಂದಿ ಸಿಕ್ಕರು. ಆದರೆ ನಸುಕಿನಲ್ಲಿ ಎದ್ದು, ಕತ್ತು ಎತ್ತಿ, ನೋಡಿ ಬರೆದವರೂ ಸಿಕ್ಕರು.

ಲೇಥಿನವರಿಗೆ ಈ ಪದ್ಯ ಎಲ್ಲಿಂದ ಬಂತು ಎಂದರೆ, ಅದು ಏಳನೆಯ ಇಯತ್ತೆಯಲ್ಲಿ ಅವರಿಗೆ ಆದ ಶಿಕ್ಷೆ. ಗಣಿತದಲ್ಲಿ ನಪಾಸಾದ ಹುಡುಗನಿಗೆ ಸಾಲಿಯ ಮಾಸ್ತರರು ತಮ್ಮ ನೋಟುಬುಕ್ಕು ಕೊಟ್ಟು, ಓಲೆಗರಿಯಿಂದ ತಾವು ಇಳಿಸಿಕೊಂಡಿದ್ದ ಈ ನೂರಾ ಹನ್ನೆರಡು ಪದ್ಯಗಳನ್ನು ದುಂಡಗೆ ಬರೆದು ತಾ ಎಂದರಂತೆ. ಬರೆಯುತ್ತ ಬರೆಯುತ್ತ ಬಾಯಿಗೆ ಬಂತು, ಗಣಿತ ಮಾತ್ರ ಬರಲಿಲ್ಲ. ಮುಂದಿನ ವರ್ಷ ಸಾಲಿ ಬಿಟ್ಟು ಲೇಥಿಗೆ ನಿಂತರು. ಪಂಪಿನ ಶಾಫ್ಟ್ ತಿರುಗುತ್ತಿರುವಾಗ ಅವರು ಗಡಿಯಾರ ನೋಡುತ್ತಿರಲಿಲ್ಲ, ಪದ್ಯ ಹೇಳುತ್ತಿದ್ದರು. ಒಂದು ಷಟ್ಪದಿ ಮುಗಿಯುವುದರೊಳಗೆ ಉಳಿ ಒಂದು ಸುತ್ತು ತೆಗೆದು ಈ ತುದಿಯಿಂದ ಆ ತುದಿಗೆ ಹೋಗಿರಬೇಕು. ಕಬ್ಬಿಣಕ್ಕೆ ಒಂದು ಧಾಟಿ, ಹಿತ್ತಾಳೆಗೆ ಇನ್ನೊಂದು. ಪಕ್ಕದ ಶೆಡ್ಡಿನವರು ಧಾಟಿ ಕೇಳಿಯೇ ಇವತ್ತು ಮಜೀದ ಚಾಚಾನ ಕೈಯಲ್ಲಿ ಯಾವ ಮಾಲು ಇದೆ ಎಂದು ಹೇಳುತ್ತಿದ್ದರಂತೆ.

ಚಂದ್ರ ಮಾತ್ರ ಅವರಿಗೆ ಅಪ್ಪನಿಂದ ಬಂದ ಬಾಬತ್ತು. ಅಪ್ಪನ ನಂತರ, ನಲವತ್ತು ವರ್ಷದಿಂದ, ರಮಜಾನಿನ ಇಪ್ಪತ್ತೊಂಬತ್ತನೆಯ ಸಂಜೆ ಆ ಓಣಿಯವರು ಮೊದಲು ಕೇಳುತ್ತಿದ್ದದ್ದು ಮಜೀದ ಕಾಕಾನನ್ನು. ಅವರು ಕಂಡೆ ಎಂದರೆ ರೋಜಾ ಮುಗಿಯಿತು, ನಾಳೆ ಹಬ್ಬ. ಕಾಣಲಿಲ್ಲ ಎಂದರೆ ಇನ್ನೊಂದು ದಿನ ಉಪವಾಸ. ತಪ್ಪು ಹೇಳಿದರೆ ನೂರಾರು ಮನೆಯವರ ಒಂದು ರೋಜಾ ತಪ್ಪಿಸಿದ ಪಾಪ ಅವರ ತಲೆಯ ಮೇಲೆ. ಅಷ್ಟು ತೂಕದ ಮಾತು ಅದು. ಒಂದು ಸಲವೂ ತಪ್ಪಿರಲಿಲ್ಲ ಎಂಬುದೇ ಅವರು ಬದುಕಿನಲ್ಲಿ ಗಳಿಸಿದ ಆಸ್ತಿ.

ಅಂಥವರ ಕಣ್ಣಿಗೆ ಮೋತಿಬಿಂದು, ಅಂದರೆ ಪೊರೆ, ಬಂತು. ಎರಡೂ ಕಣ್ಣಿಗೆ. ಆಪರೇಶನ್ ಮಾಡಿಸಿಕೊಳ್ಳಿರೆಂದು ನಾನೂ ಶಾಜಿಯಾಳೂ ಬೆನ್ನು ಹತ್ತಿದೆವು. ಒಮ್ಮೆ ಮಳೆಗಾಲ ಮುಗೀಲಿ ಅಂದರು, ಒಮ್ಮೆ ಥಂಡಿ ಮುಗೀಲಿ ಅಂದರು. "ರಮಜಾನ್ ಒಂದ ಆಗ್ಲಿ ತಡೀರಿ ಅಕ್ಕಾರ." ಅವರ ಹೆದರಿಕೆ ಸೂಜಿಗಲ್ಲ, ಕತ್ತರಿಗಲ್ಲ. ಮಜೀದನ ಕಣ್ಣು ಹೋಗಿದ್ದವಂತೆ ಎಂದು ಓಣಿಗೆ ತಿಳಿದರೆ ಮುಂದೆ ಯಾರೂ ಕೇಳಲಿಕ್ಕಿಲ್ಲ, ಅದು. ನನಗೆ ಗೊತ್ತಿತ್ತು, ಗದರಿಸಲು ಮನಸ್ಸಾಗಲಿಲ್ಲ.

ಈ ಮಾರ್ಚಿನಲ್ಲಿ ಯುಗಾದಿಯೂ ಇಪ್ಪತ್ತೊಂಬತ್ತನೆಯ ರೋಜಾವೂ ಒಂದೇ ದಿನ ಬಂದವು. ಆ ಸಂಜೆ ಆದದ್ದನ್ನು ಮರುದಿನ ಮುಂಜಾನೆ ಶಾಜಿಯಾ ನನಗೆ ಫೋನಿನಲ್ಲಿ ಹೇಳಿದಳು. ಅವರ ಮನೆಯಲ್ಲಿ ಉರ್ದುವಿನಲ್ಲಿ ನಡೆದ ಮಾತು, ಅವಳು ನಮ್ಮ ಕನ್ನಡದಲ್ಲಿ ಹೇಳಿದ್ದು.

ಫೋನಿನ ಲೆಕ್ಕದ ಪ್ರಕಾರ ಇವತ್ತು ಚಂದ್ರ ಕಾಣುವಂತಿಲ್ಲ ಎಂದು ಅವಳು ಮೊದಲೇ ಹೇಳಿದ್ದಳಂತೆ. "ಫೋನಿಗೆ ಕಣ್ಣ ಎಲ್ಲಿ ಅದಾವ?" ಎಂದು ದಾದಾ ಮಾಳಿಗೆ ಹತ್ತಿದ್ದಾರೆ. ಹೊತ್ತು ಮುಳುಗಿ ಸ್ವಲ್ಪ ಹೊತ್ತಿಗೆ "ಅಗೋ" ಎಂದು ಕೈ ತೋರಿಸಿದ್ದಾರೆ. ಅವರು ತೋರಿಸಿದ ಕಡೆ ನೋಡಿ ಪಕ್ಕದ ಮಾಳಿಗೆಯ ಇಬ್ಬರು ಹುಡುಗರೂ, ಹೌದು, ನಮಗೂ ಕಂಡಂಗಾತು, ಅಂದಿದ್ದಾರೆ. ಶಾಜಿಯಾಳಿಗೆ ಏನೂ ಕಾಣಲಿಲ್ಲ. ಅಷ್ಟರಲ್ಲಿ ಮಸೀದಿಯ ಹಿರಿಯರಾದ ಅಸ್ಫಾಕ ಸಾಹೇಬರು ಗವಾಹಿ, ಅಂದರೆ ಸಾಕ್ಷಿ, ಕೇಳಲು ಮನೆಗೇ ಬಂದರು. ಪದ್ಧತಿ ಪ್ರಕಾರ ಪ್ರಶ್ನೆ ಕೇಳಬೇಕು. ಎಷ್ಟೇ ನಂಬಿಗಸ್ಥರಾದರೂ ಬಿಡುವಂತಿಲ್ಲ.

"ಎಲ್ಲಿ ಕಂಡ್ತು?"

"ನೀರಿನ ಟಾಕಿ ಎಡಕ್ಕ. ಒಂದು ಮೊಳ ಮ್ಯಾಲ."

"ಕೊಂಬು ಹೆಂಗಿದ್ವು?"

"ಬಡಗ ಕೊಂಬು ಮ್ಯಾಲಿತ್ತು."

ಅಷ್ಟೂ ಉರ್ದುವಿನ ನಡುವೆ ಆ ಎರಡು ಶಬ್ದ ಕನ್ನಡದಲ್ಲಿ ಬಂದವಂತೆ. ಪರದೆಯ ಹಿಂದಿದ್ದ ಶಾಜಿಯಾ ಪರದೆ ಸರಿಸಿ ದಾದಾನ ಮುಖ ನೋಡಿದಳು. ಉಳಿದ ಯಾರಿಗೂ ಏನೂ ಅನ್ನಿಸಲಿಲ್ಲ. ಯಾವ ತಿಂಗಳಲ್ಲಿ ಕೊಂಬು ಹೇಗಿರುತ್ತದೆ ಎಂದು ಆ ಕೋಣೆಯಲ್ಲಿ ತಿಳಿದಿದ್ದವರು ಅವಳು ಮತ್ತು ಅವರು, ಇಬ್ಬರೇ. ಅಸ್ಫಾಕ ಸಾಹೇಬರು ಬೇರೆ ಮಸೀದಿಯವರಿಗೆ ತಿಳಿಸಲು ಫೋನ್ ತೆಗೆದರು.

"ಅಸ್ಫಾಕ ಸಾಹೇಬ್ರ, ಫೋನ್ ಇಡ್ರಿ" ಎಂದರಂತೆ ದಾದಾ. "ನಾ ಚಂದ್ರನ್ನ ನೋಡಿಲ್ಲ."

"ಈಗ ನೋಡೇನಿ ಅಂದ್ರಲ್ಲ?"

"ಅಂದೆ. ಯುಗಾದಿ ಚಂದ್ರ ಹಂಗ ನಿಲ್ಲೂದಿಲ್ರಿ. ಅದು ನಾ ಹೇಳ್ಕೋತ ಬಂದ ಪದ್ಯದಾಗಿನ ಚಂದ್ರ. ನನ್ನ ಕಣ್ಣ ಮಬ್ಬಾಗ್ಯಾವ, ಒಂದ ವರ್ಷಾತು, ಓಣ್ಯಾಗ ಯಾರಿಗೂ ಹೇಳಿರ್ಲಿಲ್ಲ. ನನ್ನ ಗವಾಹಿ ವಾಪಸ್ ತಗೋತೇನಿ. ನನ್ನ ಮಾತಿಗೆ ಹೌದಂದ ಈ ಹುಡುಗುರ್ದೂ ತಗೋಬ್ಯಾಡ್ರಿ. ಮುಂದಿನ ವರ್ಷದಿಂದ ನನ್ನ ಕೇಳೂದೂ ಬ್ಯಾಡ."

ಅಸ್ಫಾಕ ಸಾಹೇಬರು ಫೋನನ್ನು ಕಿಸೆಗೆ ಹಾಕಿ, "ಹಂಗಾರ ಮೂವತ್ತು ರೋಜಾ ಪೂರಾ ಮಾಡೂಣು" ಎಂದು ಎದ್ದರಂತೆ. ಹೋಗುವಾಗ ದಾದಾನ ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡರಂತೆ. ಬೆಳಗಾಗುವುದರೊಳಗೆ ಓಣಿಯ ತುಂಬ ಸುದ್ದಿ. ಮಜೀದ ಚಾಚಾಗ ಪದ್ಯದಾಗ ಚಂದ್ರ ಹುಟ್ಟಿದ್ನಂತ, ಎಂದು ನಗುವವರು ನಕ್ಕರು. ಅವರ ಹಲ್ಲು ಉದುರಲಿ ಎಂದು ನಾನು ಫೋನಿನಲ್ಲೇ ಶಾಪ ಹಾಕಿದೆ.

ನನ್ನ ಪಾಲಿನ ತಪ್ಪೂ ಇತ್ತು. ಎರಡು ವರ್ಷದಿಂದ ಮನೆಗೆ ಬಂದ ಪ್ರತಿಯೊಬ್ಬರ ಎದುರೂ "ಕಾಕಾ, ಆ ಬಡಗ ಕೊಂಬಿನ ಪದ್ಯ ಹೇಳ್ರಿ" ಎಂದು ಅವರನ್ನು ಕಾಡಿದವಳು ನಾನೇ. ಮನಸ್ಸು ತಡೆಯಲಿಲ್ಲ. ಅವತ್ತೇ ಸಂಜೆ ಬಸ್ಸು ಹಿಡಿದು ಕಮರಿಪೇಟೆಗೆ ಹೋದೆ.

ಕಾಕಾ ಮಾಳಿಗೆಯ ಮೇಲೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತಿದ್ದರು. ಶಾಜಿಯಾ ಪಕ್ಕದಲ್ಲಿ. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದದ್ದೆಲ್ಲ ಮರೆತು, "ತಪ್ಪು ನಂದು ಕಾಕಾ" ಎಂದೆ.

"ನಿಮ್ದ್ಯಾಕ ಅಕ್ಕಾರ? ನಾ ಸುಳ್ಳ ಹೇಳಿರ್ಲಿಲ್ರಿ. ಖರೇನ ಕಂಡಿತ್ತು. ಸ್ವಚ್ಛ ಕಂಡಿತ್ತು." ಸ್ವಲ್ಪ ನಕ್ಕರು. "ನೋಡದ ಬರದಾನಂತ ನಿಮ್ಮ ಕೂಟದಾಗ ನೀವು ಆ ಕವಿಗೆ ಹೊರಿಸಿದ್ದ ತಪ್ಪು, ಅದನ್ನ ನಾ ಮಾಡಿ ಕುಂತೆ."

ನನಗೆ ನಗು ಬರಲಿಲ್ಲ. ಕಣ್ಣು ಒದ್ದೆಯಾದದ್ದನ್ನು ಅವರು ನೋಡಲಾರರು ಎಂಬುದು ನೆನಪಾಗಿ ಮತ್ತಷ್ಟು ಒದ್ದೆಯಾಯಿತು.

ಹೊತ್ತು ಮುಳುಗಿತು. ಅವತ್ತು ಯಾರೂ ಹುಡುಕಬೇಕಾಗಿರಲಿಲ್ಲ. ಟಾಕಿಗಿಂತ ಎತ್ತರದಲ್ಲಿ, ಕೆಂಪು ಇನ್ನೂ ಆರುವ ಮೊದಲೇ, ಎಳೆಯ ಚಂದ್ರ ಕಂಡ. ಸುತ್ತಲಿನ ಮಾಳಿಗೆಗಳಲ್ಲೆಲ್ಲ ಗದ್ದಲ ಎದ್ದಿತು. ನಾನೂ ನನ್ನ ಯುಗಾದಿಯ ಚಂದ್ರನಿಗೆ ಕೈ ಮುಗಿದೆ. ಆಮೇಲೆ ನಲವತ್ತು ವರ್ಷದ ರೂಢಿ ನೋಡಿ, ಒಬ್ಬೊಬ್ಬರೇ ಸುಮ್ಮನಾಗಿ ನಮ್ಮ ಕಡೆ ತಿರುಗಿದರು. ನಿನ್ನೆ ಕಂಡಂಗಾತು ಎಂದಿದ್ದ ಹುಡುಗರಲ್ಲಿ ಒಬ್ಬ ಕೇಳಿಯೂ ಬಿಟ್ಟ: "ಚಾಚಾ, ಕಂಡನೇನ್ರಿ?"

ಹೌದು ಅನ್ನಲಿ ಎಂದು ನಾನು ಒಳಗೊಳಗೇ ಬೇಡಿಕೊಂಡೆ. ಇವತ್ತು ಹೌದೆಂದರೆ ಯಾರ ರೋಜಾವೂ ಕೆಡುತ್ತಿರಲಿಲ್ಲ. ತಲೆ ಆಡಿಸಿದ್ದರೂ ಸಾಕಿತ್ತು, ಮಾನ ಉಳಿಯುತ್ತಿತ್ತು.

ಕಾಕಾ ಎದ್ದು ನಿಂತರು. ಪಡುವಣದ ಕಡೆ ಬಹಳ ಹೊತ್ತು ನೋಡಿದರು.

"ಇಲ್ಲಪಾ, ನನಗ ಕಾಣವಲ್ದು" ಎಂದರು, ಆಚೆಯ ಮಾಳಿಗೆಗೂ ಕೇಳುವಷ್ಟು ಗಟ್ಟಿಯಾಗಿ. ಆಮೇಲೆ ಮೊಮ್ಮಗಳ ಕಡೆ ತಿರುಗಿದರು. "ನಿನಗ?"

"ಕಾಣ್ತಾನ, ದಾದಾ."

"ಎಲ್ಲಿ?"

"ಟಾಕಿ ಎಡಕ್ಕ. ಮೂರು ಮೊಳ ಮ್ಯಾಲ."

"ಕೊಂಬು?"

ಶಾಜಿಯಾ ಮತ್ತೊಮ್ಮೆ ನೋಡಿದಳು. ಅವಸರ ಮಾಡಲಿಲ್ಲ. "ಎರಡೂ ಸಮ ಅದಾವ. ಬೆನ್ನ ಕೆಳಗ ಮಾಡಿ ಮಲಗ್ಯಾನ."

"ನೀನ ನೋಡೀಯೇನು, ಓದಿದ್ದು ನೆನಪ ಮಾಡ್ಕೊಂಡ ಹೇಳಾಕತ್ತೀಯೋ?"

"ನೋಡೇನಿ, ದಾದಾ."

ಕಾಕಾ ಮಾಳಿಗೆಗಳ ಕಡೆ ಮುಖ ಮಾಡಿದರು. "ನನ್ನ ಮೊಮ್ಮಗಳು ನೋಡ್ಯಾಳ್ರಿ" ಎಂದರು. ಆಮೇಲೆ ದುವಾ ಮಾಡಲು ಎರಡೂ ಕೈ ಎತ್ತಿದರು.