ಬಾಗಿಲಿಗೆ ಕೊಟ್ಟ ಬೆಣೆ

ನಮ್ಮ ಸೋದರಮಾವ ದರ್ಜಿ. ಇಪ್ಪತ್ತರ ವಯಸ್ಸಿನಲ್ಲಿ ಒಬ್ಬ ಹುಡುಗನನ್ನು ಪ್ರೀತಿಸಿದ್ದಕ್ಕೆ ಅವರನ್ನು ತಾತ ಹನ್ನೊಂದು ದಿನ ಕೋಣೆಯಲ್ಲಿ ಕೂಡಿಹಾಕಿದ್ದರು. ಆಮೇಲೆ ಮಾವ ಯಾರನ್ನೂ ಹತ್ತಿರ ಬಿಟ್ಟುಕೊಂಡಿರಲಿಲ್ಲ. ನಲವತ್ತರಲ್ಲಿ ಧೈರ್ಯ ಮಾಡಿ, ತಮಗೆ ಇಷ್ಟವಾದ ಬಡಗಿಯೊಬ್ಬರ ಜೊತೆ ಮೊದಲ ಸಲ ಕಾಫಿಗೆ ಹೋದರು.

ಗಾಳಿಗೆ ಕಾಫಿ ಅಂಗಡಿಯ ಬಾಗಿಲು ಧಡಾರೆಂದು ಮುಚ್ಚಿತು. ಮಾವ ಬೆವತು ಎದ್ದುನಿಂತರು.

“ನಾನು ಹೊರಡ್ತೀನಿ. ಬಾಗಿಲು ಮುಚ್ಚಿದ್ರೆ ಉಸಿರು ಕಟ್ಟುತ್ತೆ. ಹಿಂದೆ ಕೂಡಿಹಾಕಿದ್ರು.”

ಬಡಗಿ ಬಾಗಿಲು ತೆರೆದು, ಜೇಬಿನಲ್ಲಿದ್ದ ಮರದ ಬೆಣೆಯನ್ನು ಅದರಡಿ ತುರುಕಿದರು.

“ಇನ್ನು ಆನೆ ತಳ್ಳಿದ್ರೂ ಮುಚ್ಚಲ್ಲ. ಕೂತ್ಕೊಳ್ಳಿ.”

“ಬೇರೆಯವರು ಹೂ ತರ್ತಾರೆ, ನೀವು ಮರದ ತುಂಡು ತಂದಿದ್ದೀರಲ್ರೀ!” ಎಂದು ನಕ್ಕು ಮಾವ ಕುಳಿತರು.

ಹೊರಡುವಾಗ ಆ ಬೆಣೆಯನ್ನು ಕೇಳಿ ಪಡೆದರು. “ಈ ಚೂರಿನ ಋಣ ದೊಡ್ಡದು,” ಎಂದು ಈಗಲೂ ಹೇಳುತ್ತಿರುತ್ತಾರೆ.