ಚಿನ್ನದ ಉಣ್ಣೆಯೂ ನಮ್ಮವ್ವನ ಕೈಯೂ

ನಾನು ಕಿಕ್ಕೇರಿ ಕಡೆಯ ಒಂದು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನದ ಮೇಷ್ಟ್ರು. ಹೋದ ವರ್ಷ ಒಂಬತ್ತನೇ ಕ್ಲಾಸಿಗೆ ಗ್ರೀಕರ ಒಂದು ಪುರಾಣ ಹೇಳಿದೆ. ಚಿನ್ನದ ಉಣ್ಣೆಯಿದ್ದ ಟಗರಿನ ತೊಗಲು ತರಲು ವೀರರೆಲ್ಲ ಹಡಗು ಹತ್ತಿ ಕಪ್ಪು ಸಮುದ್ರದ ಆಚೆ ದಡಕ್ಕೆ ಹೋದ ಕಥೆ. ಅದರ ಹಿಂದೆ ಒಂದಿಷ್ಟು ನಿಜವೂ ಇದ್ದೀತು ಎಂದೆ. ಆ ಕಡೆಯ ಬೆಟ್ಟದ ಜನ ಹೊಳೆಯೊಳಗೆ ಕುರಿತೊಗಲು ಹಾಸುತ್ತಿದ್ದರಂತೆ. ನೀರಲ್ಲಿ ಬಂದ ಚಿನ್ನದ ಪುಡಿ ಉಣ್ಣೆಗೆ ಸಿಕ್ಕಿಕೊಳ್ಳುತ್ತಿತ್ತಂತೆ. ಕಂಡವರ ಬಾಯಿಂದ ಬಾಯಿಗೆ ಹೋಗುತ್ತಾ ತೊಗಲೇ ಚಿನ್ನದ್ದಾಗಿರಬೇಕು.

"ಉಣ್ಣೇಲಿ ಚಿನ್ನ ನಿಂತ್ಕತದಾ ಸಾ? ರೀಲು ಬುಡ್ಬೇಡಿ," ಎಂದಳು ಮುಂದಿನ ಬೆಂಚಿನ ಹುಡುಗಿ. ಕ್ಲಾಸೆಲ್ಲ ನಕ್ಕಿತು.

ನಿಲ್ಲುತ್ತದೆ ಎಂದು ನನಗೆ ಯಾವ ಪುಸ್ತಕವೂ ಹೇಳಬೇಕಾಗಿರಲಿಲ್ಲ. ನಮ್ಮವ್ವ ಕೆ.ಆರ್. ಪೇಟೆಯ ಅಕ್ಕಸಾಲಿಗರ ಅಂಗಡಿಗಳ ಮುಂದೆ ಕಸ ಗುಡಿಸಿ, ಚರಂಡಿ ಮಣ್ಣು ಬಳಿದು ತಂದು, ಮರದ ಮರಿಗೆಯಲ್ಲಿ ಹಳೇ ಕಂಬಳಿ ತುಂಡು ಹಾಸಿ ತೊಳೆದೇ ನನ್ನನ್ನು ಓದಿಸಿದ್ದು. ಮಣ್ಣು ನೀರಿನ ಜೊತೆ ಹೋಗುತ್ತಿತ್ತು, ಅಂಗಡಿಯಲ್ಲಿ ಒಡವೆಗೆ ಅರ ಉಜ್ಜುವಾಗ ಉದುರಿದ ಚಿನ್ನದ ಪುಡಿ ಕಂಬಳಿಯಲ್ಲಿ ಉಳಿಯುತ್ತಿತ್ತು. ಅದನ್ನು ಹೇಳಲು ನಾಲಗೆ ಏಳಲಿಲ್ಲ. ಹಿತ್ತಲ ಗಿಡ ಮದ್ದಲ್ಲ ನೋಡಿ. ದೂರದವರ ಹೊಳೆಯಾದರೆ ಇತಿಹಾಸ, ನಮ್ಮವ್ವನದು ಬರೀ ಚರಂಡಿ! "ನಾಳೆ ವಿಡಿಯೋ ತೋರಿಸ್ತೀನಿ," ಎಂದು ಜಾರಿಕೊಂಡೆ.

ಮಕ್ಕಳಿಗೆ ತೋರಿಸಬೇಕು, ಒಂದು ಸಲ ತೊಳೆದು ತೋರಿಸು ಎಂದು ಸಂಜೆ ಅವ್ವನನ್ನು ಕೇಳಿದೆ. ಆ ಕೆಲಸ ಬಿಟ್ಟು ಎಷ್ಟೋ ವರ್ಷವಾಗಿತ್ತು, ಆದರೂ ಅವಳ ಹಿಗ್ಗು ನೋಡಬೇಕಿತ್ತು. ಪರಿಚಯದ ಅಕ್ಕಸಾಲಿಗರ ಅಂಗಡಿಯಿಂದ ನಾನು ಒಂದು ಚೀಲ ಕಸ ತರುವಷ್ಟರಲ್ಲಿ ತಲೆ ಬಾಚಿ, ಮದುವೆ ಮನೆಗೆ ಉಡುವ ಹಸಿರು ಸೀರೆ ಉಟ್ಟು ಮರಿಗೆಯ ಮುಂದೆ ಕೂತಿದ್ದಳು. ನಾನು ಫೋನನ್ನು ಅವಳ ಕೈಗಳ ಮೇಲಷ್ಟೇ ಹಿಡಿದೆ. ಮೊಣಕೈ ದಾಟಲು ಬಿಡಲಿಲ್ಲ.

ಮಾರನೇ ದಿನ ಮಕ್ಕಳು ಬೆಂಚಿನಿಂದ ಎದ್ದು ಬಂದು ನೋಡಿದರು. ಕಂಬಳಿಯಲ್ಲಿ ಪುಡಿ ಮಿಂಚಿದಾಗ ಅದೇ ಹುಡುಗಿ ಆ ಸುಕ್ಕುಗಟ್ಟಿದ ಕೈ ನೋಡಿ, "ಯಾರ್ ಸಾ ಈ ಅಜ್ಜಿ?" ಎಂದಳು.

"ಪೇಟೆ ಕಡೆಯ ಯಾರೋ ಒಬ್ಬ ಮುದುಕಿ," ಎಂದೆ. ಈಗಲೂ ಅದು ನೆನಪಾದರೆ ನನ್ನ ಮುಖಕ್ಕೆ ನಾನೇ ಉಗಿದುಕೊಳ್ಳಬೇಕೆನಿಸುತ್ತದೆ.

ಮನೆಗೆ ಬಂದಾಗ ಅವ್ವ ಜಗಲಿಯಲ್ಲೇ ಕಾಯುತ್ತಿದ್ದಳು. "ಮಕ್ಳು ಏನಂದ್ರಪ್ಪಾ? ಎಲ್ಲಿ, ನಂಗೂ ಒಸಿ ತೋರ್ಸು."

ತೋರಿಸದೆ ವಿಧಿಯಿರಲಿಲ್ಲ. ಕೊನೆಯತನಕ ನೋಡಿದಳು. ಇನ್ನೊಂದು ಸಲ ಹಾಕಿಸಿಕೊಂಡು ನೋಡಿದಳು.

"ನನ್ ಮೊಕ ಬಂದೇ ಇಲ್ವಲ್ಲ ಮಗಾ."

ನಾನು ತಲೆ ತಗ್ಗಿಸಿದೆ. ಅವಳೇ ಫೋನನ್ನು ಸೆರಗಿನಿಂದ ಒರೆಸಿ ನನ್ನ ಕೈಗಿಟ್ಟಳು. "ಓಗ್ಲಿ ಬುಡು. ನಿಂಗೆ ಪೋನು ಸರ್ಯಾಗಿ ಇಡ್ಯಾಕೆ ಬರಾಕಿಲ್ಲ," ಎಂದಳು.